ಕ್ಯಾಮೆರಾ ಇದೆ ಸಾರ್, ರಜೆ ಇಲ್ಲ

ಕರ್ನಾಟಕ ಚಲನಚಿತ್ರ ಅಕಾಡೆಮಿಯ ಅಧ್ಯಕ್ಷರಿಗೆ ಒಂದು ಬಹಿರಂಗ ಪತ್ರ

ಮಾನ್ಯ ಅಧ್ಯಕ್ಷರೇ,

ನಮಸ್ಕಾರ. ನಾನು ಕೋಲಾರ ಜಿಲ್ಲೆ ಬಂಗಾರಪೇಟೆ ತಾಲೂಕಿನವನು. ವಯಸ್ಸು 26. ಓದಿದ್ದು ಮೆಕ್ಯಾನಿಕಲ್ ಡಿಪ್ಲೊಮಾ, ಮಾಡುತ್ತಿರುವುದು ವೈಟ್‌ಫೀಲ್ಡ್ ಕಡೆಯ ಒಂದು ಗೋದಾಮಿನಲ್ಲಿ ಪಾರ್ಸೆಲ್ ಸ್ಕ್ಯಾನ್ ಮಾಡುವ ಕೆಲಸ. ಇದರ ಜೊತೆಗೆ ಹದಿನಾಲ್ಕು ತಿಂಗಳು ಫೋನಿನಲ್ಲೇ ಶೂಟ್ ಮಾಡಿ ಒಂದು ಸಾಕ್ಷ್ಯಚಿತ್ರ ಮುಗಿಸಿದ್ದೇನೆ. ಹೆಸರು ‘ಬ್ರೇಕ್’. ಮೊದಲು 48 ನಿಮಿಷ ಇತ್ತು, ಈಗ 31 ನಿಮಿಷ. ಯಾಕೆ ಕಡಿಮೆ ಆಯಿತು ಅಂತ ಮುಂದೆ ಹೇಳುತ್ತೇನೆ.

ಪ್ರಶಸ್ತಿ ಕೊಡಿ ಅಂತ ಈ ಪತ್ರ ಬರೆಯುತ್ತಿಲ್ಲ. ಸಬ್ಸಿಡಿ ಸಿಗಲಿಲ್ಲ ಅನ್ನುವ ದೂರೂ ಅಲ್ಲ, ನಾನು ಅರ್ಜಿಯನ್ನೇ ಹಾಕಿಲ್ಲ. ನಿಮಗೆ ಒಂದು ಲೆಕ್ಕ ತೋರಿಸಬೇಕು. ಲಕೋಟೆಯಲ್ಲಿ ಹಾಕಿ ಅಂಟಿಸಿದರೆ ನೀವೊಬ್ಬರೇ ಓದುತ್ತೀರಿ. ನಮ್ಮ ಕಡೆಯ ಹುಡುಗ ಹುಡುಗಿಯರು, ಅವರ ಅಪ್ಪ ಅಮ್ಮಂದಿರು ಕೂಡ ಓದಲಿ ಅಂತ ಹೀಗೆ ಬಯಲಲ್ಲಿ ಬರೆಯುತ್ತಿದ್ದೇನೆ.

ಮೊದಲು ಚಿತ್ರದ ಹೆಸರಿನ ವಿಚಾರ. ‘ಬ್ರೇಕ್’ ಅಂದರೆ ಟೀ ಕುಡಿಯುವ ಬ್ರೇಕ್ ಅಲ್ಲ. ಕಾರ್ಖಾನೆಗಳಲ್ಲಿ ಕಾಂಟ್ರಾಕ್ಟ್ ಮೇಲೆ ದುಡಿದ ಯಾರನ್ನಾದರೂ ಕೇಳಿ, ಹೇಳುತ್ತಾರೆ. ವರ್ಷದಲ್ಲಿ 240 ದಿನ ಕೆಲಸ ಮಾಡಿದವನನ್ನು ಸುಮ್ನೆ ಮನೆಗೆ ಕಳಿಸುವಂತಿಲ್ಲ, ನೋಟಿಸ್ ಕೊಡಬೇಕು, ಪರಿಹಾರ ಕೊಡಬೇಕು ಅನ್ನುವ ಲೆಕ್ಕ ಕಾರ್ಮಿಕ ಕಾನೂನಿನಲ್ಲಿದೆ. ಗೋದಾಮಿಗೆ ಬರುವ ಮುಂಚೆ ನಾನಿದ್ದ ಕಾರ್ಖಾನೆಯಲ್ಲಿ, ಆ 240 ದಿನ ತುಂಬುವ ಮೊದಲೇ, ಏಳು ತಿಂಗಳು ಇಪ್ಪತ್ತು ದಿನ ಆದಾಗ ಸೂಪರ್‌ವೈಸರ್ ಕರೆದು, ‘ನಿನಗೆ ಬ್ರೇಕ್ ಕಣಪ್ಪಾ, ಇಪ್ಪತ್ತು ದಿನ ಬಿಟ್ಟು ಬಾ’ ಅಂದರು. ಇಪ್ಪತ್ತು ದಿನ ಬಿಟ್ಟು ಹೋದೆ. ಅದೇ ಗೇಟು, ಅದೇ ಲೈನು, ಅದೇ ಸ್ಕ್ರೂ. ಕೊರಳಿಗೆ ಮಾತ್ರ ಬೇರೆ ಕಾಂಟ್ರಾಕ್ಟರ್ ಹೆಸರಿನ ಐಡಿ ಕಾರ್ಡು. ಹೀಗೆ ಮೂರು ಸಲ ಆಯಿತು. ನಾಲ್ಕನೆಯ ಸಲ ಕರೆಯಲೇ ಇಲ್ಲ.

ಆ ಮೂರು ಐಡಿ ಕಾರ್ಡುಗಳನ್ನು ನಮ್ಮಮ್ಮ ದೇವರ ಪಟದ ಪಕ್ಕದ ಮೊಳೆಗೆ ನೇತು ಹಾಕಿದ್ದಾರೆ. ಯಾಕಮ್ಮಾ ಅಂದರೆ, ‘ನೀನು ಕಂಪನಿಯಲ್ಲಿದ್ದೆ ಅನ್ನೋದಕ್ಕೆ ಅಷ್ಟಾದರೂ ಬೇಡ್ವಾ?’ ಅಂದರು. ಒಂದು ಸಂಜೆ ಫ್ಯಾನ್ ಗಾಳಿಗೆ ಮೂರೂ ಕಾರ್ಡು ಗೋಡೆಗೆ ಬಡಿದು ಟಕ್ ಟಕ್ ಅನ್ನುತ್ತಿದ್ದವು. ಫೋನ್ ತೆಗೆದು ಎರಡು ನಿಮಿಷ ಹಾಗೇ ಹಿಡಿದೆ. ಚಿತ್ರ ಶುರುವಾಗಿದ್ದು ಅಲ್ಲಿಂದ. ಸಾಕ್ಷ್ಯಚಿತ್ರ ಮಾಡುತ್ತೇನೆ ಅನ್ನುವ ಅಂದಾಜೇ ಆಗ ನನಗಿರಲಿಲ್ಲ.

ನಮ್ಮ ಜಿಲ್ಲೆಗೆ ಕ್ಯಾಮೆರಾ ಬಂದೇ ಇಲ್ಲ ಅಂತಲ್ಲ ಸಾರ್. 2020ರ ಡಿಸೆಂಬರ್ 12ರಂದು ನರಸಾಪುರದ ಒಂದು ಮೊಬೈಲ್ ಕಾರ್ಖಾನೆಯಲ್ಲಿ ಸಂಬಳದ ವಿಚಾರಕ್ಕೆ ದೊಡ್ಡ ಗಲಾಟೆ ಆಯಿತಲ್ಲ, ಆವತ್ತು ದೇಶದ ಚಾನೆಲ್‌ಗಳೆಲ್ಲ ಇಲ್ಲಿದ್ದವು. ಒಡೆದ ಗಾಜು, ಮಗುಚಿದ ಕಾರು ಎಲ್ಲರೂ ನೋಡಿದರು. ಒಂದು ವಾರ ಕಳೆದ ಮೇಲೆ ಕ್ಯಾಮೆರಾಗಳು ಹೆದ್ದಾರಿ ಹಿಡಿದು ಹೊರಟುಹೋದವು. 2023ರ ಜುಲೈನಲ್ಲಿ ಮತ್ತೆ ಬಂದವು. ಕೋಲಾರ ಮಾರ್ಕೆಟ್‌ನಲ್ಲಿ 15 ಕೆ.ಜಿ. ಟೊಮೆಟೊ ಬಾಕ್ಸ್ ಎರಡು ಸಾವಿರ ರೂಪಾಯಿ ದಾಟಿತ್ತು. ಲಾಟರಿ ಹೊಡೆದ ರೈತರನ್ನು ಹುಡುಕಿ ಹುಡುಕಿ ಮಾತಾಡಿಸಿದರು. ನಮ್ಮಪ್ಪನದೂ ಒಂದೂವರೆ ಎಕರೆ ಟೊಮೆಟೊ ಜಮೀನು. ಆದರೆ ಆ ವರ್ಷ ಮಾರ್ಚ್‌ನಲ್ಲೇ ಬೋರ್‌ವೆಲ್ ಬತ್ತಿತ್ತು. ಟಿವಿಯಲ್ಲಿ ಅವರು ರೇಟ್ ಹೇಳುತ್ತಿದ್ದಾಗ ನಮ್ಮಪ್ಪ ಚಾನೆಲ್ ಬದಲಾಯಿಸಿದರು. ಅದನ್ನು ಯಾವ ಕ್ಯಾಮೆರಾವೂ ಹಿಡಿಯಲಿಲ್ಲ. ನಾನೂ ಹಿಡಿಯಲಿಲ್ಲ, ಆಗ ಶೂಟಿಂಗ್ ಇನ್ನೂ ಶುರುವಾಗಿರಲಿಲ್ಲ. ಈಗಲೂ ಹೊಟ್ಟೆ ಉರಿಯುವುದು ಆ ಒಂದು ಶಾಟ್ ತಪ್ಪಿದ್ದಕ್ಕೆ.

ಇನ್ನು ಕೆಜಿಎಫ್ ಹುಡುಗರ ಪಾಡು ಬೇರೆ. ಊರಿನ ಹೆಸರಲ್ಲೇ ದೊಡ್ಡ ಸಿನಿಮಾ ಬಂದ ಮೇಲೆ, ಬೆಂಗಳೂರಿನಲ್ಲಿ ಇಂಟರ್‌ವ್ಯೂಗೆ ಹೋದರೆ ಮೊದಲು ಒಂದು ಡೈಲಾಗ್ ಹೇಳು ಅನ್ನುತ್ತಾರಂತೆ. ಸಂಬಳದ ಮಾತು ಆಮೇಲೆ.

ಸುದ್ದಿಯ ಕ್ಯಾಮೆರಾ ಏನೋ ಆದಾಗ ಬರುತ್ತದೆ. ನಮ್ಮ ವಯಸ್ಸಿನವರ ಕಷ್ಟ ಏನೆಂದರೆ, ಏನೂ ಆಗುವುದೇ ಇಲ್ಲ. ಕೆಲಸ ಹೋಯಿತು ಅನ್ನುವ ಹಾಗಿಲ್ಲ, ಇದೆ ಅನ್ನುವ ಹಾಗೂ ಇಲ್ಲ. ಮದುವೆ ಮುರಿಯಿತು ಅನ್ನಲು ಅದು ಮಾತುಕತೆವರೆಗೂ ಬಂದಿರುವುದಿಲ್ಲ. ‘ಹುಡುಗನಿಗೆ ಪರ್ಮನೆಂಟಾ?’ ಅಂತ ಬ್ರೋಕರ್ ಕೇಳಿ, ನಾವು ತಲೆ ಕೆರೆದು, ಅಲ್ಲಿಗೆ ಮುಗಿಯುತ್ತದೆ. ಇದನ್ನು ತೋರಿಸಬೇಕೆಂದರೆ ಒಳಗೇ ಇರುವವನು ಕ್ಯಾಮೆರಾ ಹಿಡಿದು ವರ್ಷಗಟ್ಟಲೆ ಕಾಯಬೇಕು. ತನ್ನನ್ನೂ ಅದರೊಳಗೆ ಹಾಕಿಕೊಳ್ಳಬೇಕು. ನಾನು ಸ್ವಂತ ಸಾಕ್ಷ್ಯಚಿತ್ರ ಅನ್ನುವುದು ಇದಕ್ಕೆ. ಮೇಲಿಂದ ಗಂಭೀರ ದನಿಯಲ್ಲಿ ‘ಇಂದಿನ ಯುವಜನತೆ’ ಅಂತ ಶುರುವಾಗುವ ಚಿತ್ರಗಳನ್ನು ನಾವೂ ಕಾಲೇಜಿನಲ್ಲಿ ಕೂತು ನೋಡಿದ್ದೇವೆ, ನಿದ್ದೆಯನ್ನೂ ಮಾಡಿದ್ದೇವೆ.

ನಮ್ಮ ಚಿತ್ರ ಬಹುಪಾಲು ನಡೆಯುವುದು ರೈಲಿನಲ್ಲಿ. ಮಾರಿಕುಪ್ಪಂ ಕಡೆಯಿಂದ ಬರುವ ಬೆಳಗಿನ ಗಾಡಿ. ಬಂಗಾರಪೇಟೆಗೆ ಬರುವ ಹೊತ್ತಿಗೇ ಸೀಟು ಇರುವುದಿಲ್ಲ, ಮಾಲೂರು ದಾಟಿದ ಮೇಲೆ ಕೈ ಎತ್ತಿದರೆ ಇಳಿಸಲು ಜಾಗ ಇರುವುದಿಲ್ಲ. ನಮ್ಮ ಬೋಗಿಯಲ್ಲಿ ಹೆಸರಿಗಿಂತ ಹತ್ತುವ ಸ್ಟೇಷನ್ನೇ ಹೆಸರು. ‘ಏಯ್ ಮಾಲೂರು, ಬ್ಯಾಗ್ ಕೊಡೋ’ ಅನ್ನುತ್ತೇವೆ. ಚಿತ್ರದಲ್ಲೂ ಹಾಗೇ ಇಟ್ಟೆ. ಯಾರ ಹೆಸರೂ ಇಲ್ಲ. ಇದು ಯೋಚಿಸಿ ಮಾಡಿದ್ದೂ ಹೌದು. ಕಾಂಟ್ರಾಕ್ಟ್ ಮೇಲಿರುವವನ ಮುಖದ ಕೆಳಗೆ ಹೆಸರು ಹಾಕಿದರೆ ನಾಳೆ ಅವನಿಗೆ ಬ್ರೇಕ್ ಕೊಡಲು ಬೇರೆ ಕಾರಣವೇ ಬೇಡ.

ಊರಿಗಾಂ (ಕೆಜಿಎಫ್‌ನ ಒಂದು ಸ್ಟೇಷನ್) ಅಂತ ನಾವು ಕರೆಯುವ ಗೆಳೆಯ ಹುಟ್ಟಿದ್ದು 2001ರಲ್ಲಿ. ಆ ವರ್ಷವೇ ಫೆಬ್ರವರಿ 28ಕ್ಕೆ ಚಿನ್ನದ ಗಣಿ ಮುಚ್ಚಿದ್ದು. ಓದಿದ್ದು ಬಿ.ಕಾಂ. ಪಾಸಾಗಿ ಆರು ತಿಂಗಳು ಕೆಲಸ ಸಿಗದೆ ಯುವನಿಧಿಗೆ ಅರ್ಜಿ ಹಾಕಿದ. ಪದವಿ ಮಾಡಿದವರಿಗೆ ತಿಂಗಳಿಗೆ 3,000, ಡಿಪ್ಲೊಮಾದವರಿಗೆ 1,500, ಹೆಚ್ಚೆಂದರೆ ಎರಡು ವರ್ಷ. ನಿಮಗೆ ಗೊತ್ತಿರುವ ವಿಚಾರವೇ. ಅದಕ್ಕೆ ನನಗೆ ಕೆಲಸ ಇಲ್ಲ ಅಂತ ಅವನೇ ಘೋಷಣೆ ಕೊಡಬೇಕು. ಸೈಬರ್ ಸೆಂಟರ್‌ನಲ್ಲಿ ಕೂತು ಅದನ್ನು ತುಂಬುವಾಗ ಕ್ಯಾಮೆರಾ ಕಡೆ ತಿರುಗಿ, ‘ಸರ್ಕಾರ ಆಗಾಗ ಕೇಳುತ್ತೆ, ನಮ್ಮಮ್ಮ ದಿನಾ ಕೇಳ್ತಾರೆ. ಇಬ್ಬರಿಗೂ ಅದೇ ಉತ್ತರ’ ಅಂತ ನಕ್ಕ. ಆಮೇಲೆ ಒಂದು ಮಾಲ್‌ನಲ್ಲಿ ಬಿಲ್ಲಿಂಗ್ ಕೆಲಸ ಸಿಕ್ಕಿತು. 3,000 ನಿಂತಿತು, ನ್ಯಾಯವೇ. ನಾಲ್ಕು ತಿಂಗಳಿಗೆ ಆ ಕೆಲಸವೂ ನಿಂತಿತು. ಕೆಲಸ ಇದ್ದೂ ಇಲ್ಲದವರಿಗೆ ಯಾವ ಕಾಲಂನಲ್ಲೂ ಜಾಗ ಇಲ್ಲ.

ಅವನ ತಾತ ಚಾಂಪಿಯನ್ ರೀಫ್ ಗಣಿಯಲ್ಲಿ ದುಡಿದವರು. ಮೂರು ಕಿಲೋಮೀಟರಿಗೂ ಜಾಸ್ತಿ ಆಳದ ಗಣಿ ಅದು. ಒಂದು ಭಾನುವಾರ ಜಗುಲಿ ಮೇಲೆ ಕೂತು ಮೊಮ್ಮಗನಿಗೆ ತಮಿಳಿನಲ್ಲಿ ಹೇಳಿದರು: ‘ನಾನು ದಿನಾ ಕೆಳಕ್ಕೆ ಇಳಿದು ಬರ್ತಿದ್ದೆ, ನೀನು ದಿನಾ ಅಡ್ಡಕ್ಕೆ ಹೋಗಿ ಬರ್ತೀಯ. ನನಗೆ ಕ್ವಾರ್ಟರ್ಸ್ ಕೊಟ್ಟಿದ್ದರು.’ ಅಷ್ಟು ಹೇಳಿ ಬೀಡಿ ಹಚ್ಚಿದರು. ಈ ಒಂದು ಮಾತಿಗಾಗಿ ನಾನು ಆ ಮನೆಗೆ ಏಳು ಸಲ ಹೋಗಿದ್ದೆ. ಮೊದಲ ಆರು ಸಲ ತಾತ ಕ್ಯಾಮೆರಾ ನೋಡಿ ಶರ್ಟ್ ಹಾಕಿಕೊಂಡು ಬಂದು, ಗಣಿಯ ಚರಿತ್ರೆ ಹೇಳುತ್ತಿದ್ದರು. ಏಳನೆಯ ಸಲ ಬೇಜಾರಾಗಿ ಶರ್ಟ್ ಹಾಕಲಿಲ್ಲ.

ಆ ಏಳು ಸಲದ ವಿಚಾರ ಹೇಳಲೆಂದೇ ನಿಮಗೆ ಈ ಪತ್ರ. ಲೆಕ್ಕ ನೋಡಿ.

ಫೋನ್ ಮೊದಲೇ ಇತ್ತು. ಕಾಲರ್ ಮೈಕ್ 1,200 ರೂಪಾಯಿ. ಟ್ರೈಪಾಡ್ 900. ಒಂದು ಟಿಬಿ ಹಾರ್ಡ್ ಡಿಸ್ಕ್ 4,300. ಒಟ್ಟು ಸಾಮಾನು 6,400. ಎಡಿಟಿಂಗ್ ಸಾಫ್ಟ್‌ವೇರ್ ದುಡ್ಡಿಲ್ಲದೆ ಸಿಗುತ್ತದೆ, ಲ್ಯಾಪ್‌ಟಾಪ್ ಗೆಳೆಯನದು. ಅದರ ಫ್ಯಾನ್ ಸದ್ದಿಗೆ ಅವರ ಮನೆಯ ಬೆಕ್ಕು ಓಡಿಹೋಗುತ್ತಿತ್ತು, ಆದರೂ ಕೆಲಸ ಆಯಿತು.

ಈಗ ರಜೆ. ಹದಿನಾಲ್ಕು ತಿಂಗಳಲ್ಲಿ ಶೂಟಿಂಗ್‌ಗಾಗಿ ನಾನು ಕೆಲಸ ತಪ್ಪಿಸಿದ್ದು 31 ದಿನ. ನನ್ನ ದಿನಗೂಲಿ 580. ಅಲ್ಲಿಗೆ 17,980 ಹೋಯಿತು. ಒಂದು ದಿನ ತಪ್ಪಿಸಿದರೂ ಆ ತಿಂಗಳ ಅಟೆಂಡೆನ್ಸ್ ಬೋನಸ್ 800 ಕಟ್. ಹಾಗೆ ಹನ್ನೊಂದು ತಿಂಗಳು ಕಟ್ ಆಯಿತು, 8,800. ಎರಡೂ ಸೇರಿ 26,780. ಇಡೀ ಚಿತ್ರದ ಖರ್ಚು 33,180. ಅದರಲ್ಲಿ ಐದಕ್ಕೆ ನಾಲ್ಕು ಪಾಲು ಬರೀ ರಜೆಯ ಖರ್ಚು. ವಾರದ ರಜೆಗಳನ್ನು ನಾನು ಲೆಕ್ಕಕ್ಕೇ ಹಿಡಿದಿಲ್ಲ. ನನಗಾಗಿ ಗೆಳೆಯರು ತಪ್ಪಿಸಿದ ಒಂಬತ್ತು ಶಿಫ್ಟ್‌ಗಳನ್ನೂ ಹಿಡಿದಿಲ್ಲ. ಅವರಿಗೆ ನಾನು ಕೊಟ್ಟಿದ್ದು ಬಂಗಾರಪೇಟೆ ಪಾನಿಪುರಿ ಮಾತ್ರ. ಸಾಲ ಇನ್ನೂ ತೀರಿಲ್ಲ ಅಂತ ಊರಿಗಾಂ ಈಗಲೂ ತಟ್ಟೆ ಹಿಡಿದು ನಿಲ್ಲುತ್ತಾನೆ.

ನಮ್ಮಂಥವರಿಗೆ ಏನಾದರೂ ಮಾಡಬೇಕು ಅನ್ನಿಸಿದಾಗ ದೊಡ್ಡವರು ಮೊದಲು ಯೋಚಿಸುವುದು ಕಾರ್ಯಾಗಾರ. ಮೂರು ದಿನ ಕೂರಿಸಿ ಕ್ಯಾಮೆರಾ ಹಿಡಿಯುವುದು ಹೇಗೆ ಅಂತ ಹೇಳಿಕೊಡುತ್ತಾರೆ, ಸರ್ಟಿಫಿಕೇಟ್ ಕೊಡುತ್ತಾರೆ. ಬೇಡ ಅನ್ನುವುದಿಲ್ಲ. ಕಾಲರ್ ಮೈಕ್ ಶರ್ಟಿಗೆ ಉಜ್ಜಿ ಬರುವ ಕರಕರ ಸದ್ದು ತಪ್ಪಿಸುವುದು ಹೇಗೆ ಅಂತ ಯಾರಾದರೂ ಮೊದಲೇ ಹೇಳಿದ್ದರೆ ನನ್ನ ನಾಲ್ಕು ಗಂಟೆಯ ಫುಟೇಜ್ ಉಳಿಯುತ್ತಿತ್ತು. ಆದರೆ ಆ ಮೂರು ದಿನಕ್ಕೂ ಸಂಬಳ ಕಟ್ ಸಾರ್. ಕಾರ್ಯಾಗಾರಕ್ಕೆ ಬರಲು ಆಗುವುದು ಮನೆಯಲ್ಲಿ ಅನುಕೂಲ ಇರುವವರಿಗೆ. ಹಾಗಾಗಿ ಬಡತನದ ಚಿತ್ರಗಳನ್ನೂ ಅವರೇ ಮಾಡುತ್ತಾರೆ. ಚೆನ್ನಾಗಿಯೇ ಮಾಡುತ್ತಾರೆ, ಆದರೆ ಆ ಚಿತ್ರಗಳಲ್ಲಿ ನಾವು ಜಾಸ್ತಿ ಅಳುತ್ತೇವೆ.

ಇದನ್ನು ಸುಮ್ನೆ ಕುಹಕಕ್ಕೆ ಹೇಳುತ್ತಿಲ್ಲ. ಬೆಂಗಳೂರಿನ ಒಂದು ಖಾಸಗಿ ಸ್ಪರ್ಧೆಗೆ ಚಿತ್ರ ಕಳಿಸಿದ್ದೆ. ಆಯ್ಕೆ ಆಗಲಿಲ್ಲ, ಅದಕ್ಕೆ ಬೇಸರ ಇಲ್ಲ. ತೀರ್ಪುಗಾರರೊಬ್ಬರು ಪ್ರೀತಿಯಿಂದಲೇ ಫೋನ್ ಮಾಡಿ, ‘ಹುಡುಗರು ತುಂಬಾ ನಗ್ತಾರಪ್ಪ, ಕಷ್ಟ ಕಾಣಿಸೋದಿಲ್ಲ’ ಅಂದರು. ಬೆಳಗಿನ ಗಾಡಿಯಲ್ಲಿ ಒಂದು ವಾರ ಬಂದು ನೋಡಿದ್ದರೆ ಅವರಿಗೂ ಗೊತ್ತಾಗುತ್ತಿತ್ತು. ಅಲ್ಲಿ ನಗದಿದ್ದರೆ ನಿಲ್ಲಲು ಆಗುವುದಿಲ್ಲ.

ನನ್ನ ಬೇಡಿಕೆ ಇಷ್ಟು. ಜಿಲ್ಲೆಗೆ ಐದು ಜನರನ್ನು ಆರಿಸಿ. ಮೂವತ್ತು ವರ್ಷದ ಒಳಗಿನವರು, ಈಗಾಗಲೇ ಕೂಲಿಗೋ ಕಾಂಟ್ರಾಕ್ಟಿಗೋ ದುಡಿಯುತ್ತಿರುವವರು, ತಮ್ಮದೇ ಬದುಕಿನ ಮೇಲೆ ಚಿತ್ರ ಮಾಡಬೇಕು ಅನ್ನುವವರು. ಅವರಿಗೆ ವರ್ಷದಲ್ಲಿ 40 ದಿನದ ಕೂಲಿ ಕೊಡಿ. ದಿನಕ್ಕೆ 600ರಂತೆ ಒಬ್ಬರಿಗೆ 24,000, ಜಿಲ್ಲೆಗೆ 1,20,000. ರಾಜ್ಯದ 31 ಜಿಲ್ಲೆಗೂ ಸೇರಿಸಿದರೆ 37 ಲಕ್ಷದ 20 ಸಾವಿರ. ಒಂದು ದೊಡ್ಡ ಸಿನಿಮಾದ ಒಂದು ಹಾಡಿಗೆ ಎಷ್ಟಾಗುತ್ತದೆ ಅಂತ ನನಗಿಂತ ನಿಮಗೇ ಚೆನ್ನಾಗಿ ಗೊತ್ತು. ಸ್ಕ್ರಿಪ್ಟ್ ಕೇಳಬೇಡಿ. ಹದಿನಾಲ್ಕು ತಿಂಗಳ ಮುಂಚೆ ನನ್ನನ್ನು ಸ್ಕ್ರಿಪ್ಟ್ ಕೇಳಿದ್ದರೆ ಮೂರು ಐಡಿ ಕಾರ್ಡ್ ಬಿಟ್ಟು ಬೇರೇನೂ ಬರೆಯಲು ಇರಲಿಲ್ಲ. ಬದಲಿಗೆ ಎರಡು ತಿಂಗಳಿಗೊಮ್ಮೆ ಅನುಭವ ಇರುವ ಒಬ್ಬರು ಕೂತು ಫುಟೇಜ್ ನೋಡಲಿ, ಬೈಯಲಿ. ಕ್ಯಾಮೆರಾ ಮುಂದೆ ಬರುವವರ ಶಿಫ್ಟಿಗೂ ಸ್ವಲ್ಪ ದುಡ್ಡು ಇಡಿ. ಜೊತೆಗೆ ಅಕಾಡೆಮಿಯ ಒಂದು ಕಾಗದ. ಸ್ಟೇಷನ್‌ನಲ್ಲಿ, ಮಾರ್ಕೆಟ್‌ನಲ್ಲಿ, ಬಸ್ ಸ್ಟ್ಯಾಂಡ್‌ನಲ್ಲಿ ‘ಯಾರು ನೀನು, ಏನು ಶೂಟ್ ಮಾಡ್ತಿದ್ದೀಯ’ ಅಂತ ಕೇಳಿದಾಗ ತೋರಿಸಲು. ಎಲ್ಲ ಅನುಮತಿಯೂ ಒಂದು ಕಾಗದದಲ್ಲಿ ಬರುವುದಿಲ್ಲ, ಗೊತ್ತು. ಯಾರ ಹತ್ತಿರ ಅನುಮತಿ ಕೇಳಬೇಕು ಅಂತ ಹೇಳುವವರಾದರೂ ಒಬ್ಬರಿರಲಿ.

ಒಳಗೆ ಶೂಟ್ ಮಾಡುವ ಅನುಮತಿಯಂತೂ ಯಾರೂ ಕೊಡುವುದಿಲ್ಲ. ಗೋದಾಮಿನ ಗೇಟಿನಲ್ಲೇ ನಮ್ಮ ಫೋನ್ ಇಸಿದುಕೊಂಡು ಲಾಕರ್‌ಗೆ ಹಾಕುತ್ತಾರೆ. ಕೆಲಸದ ಬಗ್ಗೆ ಮಾಡಿದ ನನ್ನ ಚಿತ್ರದಲ್ಲಿ ಕೆಲಸ ಮಾಡುವ ಒಂದೇ ಒಂದು ಶಾಟ್ ಇಲ್ಲ. ಗೇಟು ಇದೆ, ಕಂಪನಿ ಬಸ್ಸು ಇದೆ, ಊಟದ ಡಬ್ಬಿ ಇದೆ. ರಾತ್ರಿ ನಿದ್ದೆಯಲ್ಲಿ ಹೆಬ್ಬೆರಳು ಸ್ಕ್ಯಾನರ್ ಒತ್ತಿದ ಹಾಗೆ ಆಡುವುದಿದೆ, ಅದು ನನ್ನದೇ ಬೆರಳು, ತಂಗಿ ಶೂಟ್ ಮಾಡಿದ್ದು. ಮೊದಲು ಇದನ್ನು ದೊಡ್ಡ ಕೊರತೆ ಅಂದುಕೊಂಡಿದ್ದೆ. ಈಗ ಚಿತ್ರ ನೋಡಿದವರಿಗೆಲ್ಲ ನೆನಪಿರುವುದು ಆ ಬೆರಳು.

ಇನ್ನು ಚಿತ್ರದಲ್ಲಿ ಕಡಿಮೆಯಾದ 17 ನಿಮಿಷದ ವಿಚಾರ. ನಮ್ಮ ಬೋಗಿಯ ಹುಡುಗಿಯೊಬ್ಬಳಿದ್ದಳು. ಇಲ್ಲಿ ಅವಳನ್ನು ಟೇಕಲ್ ಅನ್ನುತ್ತೇನೆ. ಅದು ಅವಳು ಹತ್ತುವ ಸ್ಟೇಷನ್ ಅಲ್ಲ. ಚಿತ್ರದ ಜೀವ ಅವಳೇ ಆಗಿದ್ದಳು. ನನಗಿಂತ ಚೆನ್ನಾಗಿ ಫ್ರೇಮ್ ಇಡುತ್ತಿದ್ದಳು. ಮನೆಯೊಳಗಿನ ಶೂಟಿಂಗೆಲ್ಲ ಅವಳೇ ಮಾಡಿ ಕಳಿಸುತ್ತಿದ್ದಳು. ಎಡಿಟಿಂಗ್ ಮುಗಿದು ಇನ್ನೇನು ತೋರಿಸಬೇಕು ಅನ್ನುವಾಗ ಮನೆಯಲ್ಲಿ ಮದುವೆ ಮಾತು ಬಂತು. ಒಂದು ರಾತ್ರಿ ಮೆಸೇಜ್ ಮಾಡಿದಳು: ‘ನನ್ನನ್ನ ತೆಗೆದುಬಿಡು.’ ಅವಳು ಸಹಿ ಹಾಕಿದ್ದ ಒಪ್ಪಿಗೆ ಪತ್ರ ನನ್ನ ಹತ್ತಿರ ಇತ್ತು. ಕಾನೂನಿನ ಪ್ರಕಾರ ನಾನು ತೆಗೆಯಬೇಕಿರಲಿಲ್ಲವೇನೋ. ಎರಡು ದಿನ ಸಿಟ್ಟಿತ್ತು, ಸುಳ್ಳು ಯಾಕೆ ಹೇಳಲಿ. ಮೂರನೆಯ ದಿನ ಟೈಮ್‌ಲೈನ್ ತೆರೆದು 17 ನಿಮಿಷ ಕತ್ತರಿಸಿದೆ. ಅವಳಿದ್ದ ಕಡೆ ಈಗ ರೈಲಿನ ಕಿಟಕಿ ಇದೆ, ಸದ್ದಿಲ್ಲ. ಅವಳು ಏನು ಹೇಳಿದ್ದಳು ಅನ್ನುವುದನ್ನು ಇಲ್ಲೂ ಬರೆಯುವುದಿಲ್ಲ.

ಯಾಕೆ ಹೇಳಿದೆ ಅಂದರೆ, ಒಪ್ಪಿಗೆ ಪತ್ರವನ್ನು ಎಲ್ಲರೂ ಚಿತ್ರ ಮಾಡುವವನ ರಕ್ಷಣೆಗೆ ಅಂತ ಬರೆಸುತ್ತಾರೆ. ನೀವು ಇಂಥದ್ದೊಂದು ಯೋಜನೆ ಮಾಡಿದರೆ ಅದರಲ್ಲಿ ಒಂದು ಸಾಲು ಜಾಸ್ತಿ ಇರಲಿ: ಮೊದಲ ಪ್ರದರ್ಶನದ ಹಿಂದಿನ ದಿನದವರೆಗೂ ಒಪ್ಪಿಗೆ ವಾಪಸ್ ತೆಗೆದುಕೊಳ್ಳಬಹುದು ಅಂತ. ಇದರಿಂದ ಒಳ್ಳೆಯ ಚಿತ್ರಗಳು ಹಾಳಾಗುತ್ತವೆ, ನನಗೆ ಗೊತ್ತು. ನನ್ನದು ಹಾಳಾಯಿತು. 48 ನಿಮಿಷದ ‘ಬ್ರೇಕ್’ 31 ನಿಮಿಷದ್ದಕ್ಕಿಂತ ಎಷ್ಟೋ ಪಾಲು ಚೆನ್ನಾಗಿತ್ತು. ಆದರೂ ಇಪ್ಪತ್ತಮೂರು ವರ್ಷದ ಹುಡುಗಿಯ ಬದುಕು ಆರು ತಿಂಗಳಲ್ಲಿ ಎಲ್ಲಿಗೆ ತಿರುಗುತ್ತದೆ ಅಂತ ಅವಳಿಗೇ ಗೊತ್ತಿರುವುದಿಲ್ಲ. ಹಿಂದಿನ ವರ್ಷದ ಸಹಿ ಹಿಡಿದು ಅವಳನ್ನು ಕಟ್ಟಿಹಾಕುವುದು ನನ್ನಿಂದ ಆಗಲಿಲ್ಲ.

ಮೊನ್ನೆ ಫೋನ್ ಮಾಡಿದ್ದಳು. ‘ಅದು ಇದ್ಯಾ?’ ಅಂದಳು. ಇದೆ ಅಂದೆ. ‘ಹಾಕ್ಬೇಡ. ಅಳಿಸ್ಲೂ ಬೇಡ’ ಅಂದಳು. ಈ ಪತ್ರವನ್ನೂ ಅವಳಿಗೆ ಕಳಿಸಿದ್ದೆ. ಎರಡು ಸಾಲು ತೆಗೆಸಿದಳು.

ಭಾಷೆಯ ಕಾಲಂ ಬಗ್ಗೆಯೂ ಒಂದು ಮಾತು. ಆ ಖಾಸಗಿ ಸ್ಪರ್ಧೆಯ ಅರ್ಜಿಯಲ್ಲಿ ‘ಚಿತ್ರದ ಭಾಷೆ’ ಅಂತ ಒಂದೇ ಒಂದು ಚೌಕ ಇತ್ತು. ನಮ್ಮ ಮನೆಯಲ್ಲಿ ತೆಲುಗು. ಶಾಲೆಯಲ್ಲಿ ಕಲಿತಿದ್ದು, ಬರೆಯುವುದು, ಕನಸು ಕಾಣುವುದು ಕನ್ನಡ. ಊರಿಗಾಂ ಮನೆಯಲ್ಲಿ ತಮಿಳು. ಬೋಗಿಯಲ್ಲಿ ಉರ್ದುವೂ ಉಂಟು. ಒಂದೇ ವಾಕ್ಯದಲ್ಲಿ ಮೂರು ಭಾಷೆ ಬರುತ್ತದೆ, ನಮಗೆ ಅದು ಗೊತ್ತೂ ಆಗುವುದಿಲ್ಲ. ನಾನು ಕನ್ನಡ ಅಂತ ತುಂಬಿದೆ. ಕೋಲಾರದ ಕನ್ನಡ ಅಂದರೆ ಅದೇ. ಇಂಥ ಚಿತ್ರಗಳನ್ನು ಕನ್ನಡ ಚಿತ್ರ ಹೌದೋ ಅಲ್ಲವೋ ಅಂತ ಅಳೆಯಬೇಕಾಗಿ ಬಂದರೆ, ಗಡಿ ಜಿಲ್ಲೆಯ ಒಬ್ಬರನ್ನಾದರೂ ಆ ಕಮಿಟಿಯಲ್ಲಿ ಕೂರಿಸಿ.

ಚಿತ್ರವನ್ನು ಊರಲ್ಲಿ ತೋರಿಸಬೇಕು ಅಂತ ಆಸೆ ಇತ್ತು. ಒಂದು ಸಭಾಂಗಣ ಕೇಳಿದೆವು, ಬಾಡಿಗೆ ನನ್ನ ತಿಂಗಳ ಸಂಬಳಕ್ಕಿಂತ ಜಾಸ್ತಿ. ಕೊನೆಗೆ ಗೆಳೆಯನ ಮನೆಯ ಮಹಡಿ ಮೇಲೆ ಬಿಳಿ ಪಂಚೆ ಕಟ್ಟಿ, ಚಿತ್ರದಲ್ಲಿರುವವರನ್ನೂ ಅವರ ಮನೆಯವರನ್ನೂ ಕರೆದೆವು. ಎರಡು ಸಲ ಕರೆಂಟು ಹೋಯಿತು. ಊರಿಗಾಂ ತಾತ ತಮ್ಮ ಮುಖ ಬಂದಾಗ ಎದ್ದು ನಿಂತರು. ಒಬ್ಬರು ಚಿಕ್ಕಪ್ಪ, ‘ಮನೆ ಮರ್ಯಾದೆ ಬೀದಿಗೆ ಹಾಕಿದ್ದೀಯಲ್ಲೋ’ ಅಂದರು. ಬೀದಿಯಲ್ಲೇ ಓಡಾಡುವವರಿಗೆ ಏನು ಹೇಳಲಿ? ನಮ್ಮಪ್ಪ ಹಿಂದಿನ ಸಾಲಿನಲ್ಲಿ ಗೋಡೆಗೆ ಒರಗಿ ನೋಡಿದರು. ಶೂಟಿಂಗ್ ನಡೆಯುವಾಗ ‘ಎಂದುಕುರಾ ಇದಂತಾ’ (ಯಾಕೋ ಇದೆಲ್ಲಾ) ಅಂತ ದಿನಾ ಗೊಣಗುತ್ತಿದ್ದವರು. ಚಿತ್ರ ಮುಗಿದ ಮೇಲೆ ಬಂದು ಕೇಳಿದ್ದು ಒಂದೇ ಪ್ರಶ್ನೆ: ‘ಆ ಮೋಟರ್ ಸದ್ದು ನಮ್ದೇನಾ?’ ಹೌದಪ್ಪಾ, ಬೋರ್ ಬತ್ತುವ ಮೊದಲು ಹಬ್ಬಕ್ಕೆ ತೆಗೆದ ಒಂದು ವಿಡಿಯೊದಲ್ಲಿತ್ತು, ಅದನ್ನೇ ಹಾಕಿದೆ ಅಂದೆ. ಇನ್ನೊಂದು ಸಲ ಹಾಕು ಅಂದರು. ಚಿತ್ರ ಅಲ್ಲ, ಆ ಸದ್ದು.

ಸಾರ್ವಜನಿಕವಾಗಿ ತೋರಿಸಬೇಕೆಂದರೆ ಚಿತ್ರ ಐದು ನಿಮಿಷದ್ದಾದರೂ ಸೆನ್ಸಾರ್ ಸರ್ಟಿಫಿಕೇಟ್ ಬೇಕು. 1952ರ ಸಿನಿಮಾಟೋಗ್ರಾಫ್ ಕಾಯ್ದೆ ಉದ್ದ ನೋಡುವುದಿಲ್ಲ. ಈ ದಾರಿಯಲ್ಲಿ ಕೈ ಹಿಡಿದು ನಡೆಸುವವರು ಜಿಲ್ಲೆಗಳಲ್ಲಿ ಯಾರೂ ಇಲ್ಲ. ಅಕಾಡೆಮಿ ಅದನ್ನು ವಹಿಸಿಕೊಂಡರೆ, ತಿಂಗಳಿಗೊಂದು ಸಂಜೆ ಜಿಲ್ಲಾ ಕೇಂದ್ರದಲ್ಲಿ ಇಂಥ ಚಿತ್ರಗಳನ್ನು ತೋರಿಸಬಹುದು. ಜನ ಬರುವುದಿಲ್ಲ ಅನ್ನಬೇಡಿ. ಅಂತರಗಂಗೆ ಬೆಟ್ಟದ ಮೇಲೆ, ತೇರಹಳ್ಳಿ ಹತ್ತಿರದ ಆದಿಮ ಸಾಂಸ್ಕೃತಿಕ ಕೇಂದ್ರದಲ್ಲಿ ಹುಣ್ಣಿಮೆ ಹಾಡು ನಡೆಸಿಕೊಂಡು ಬಂದವರು ಕೋಲಾರದವರೇ. ಬೆಳದಿಂಗಳಲ್ಲಿ ಬೆಟ್ಟ ಹತ್ತಿ ನಾಟಕ, ಹಾಡು ಕೇಳಿ ಬರುವ ಜನಕ್ಕೆ ಊರೊಳಗಿನ ಸಭಾಂಗಣ ದೂರವೇ?

ಪಕ್ಕದ ಕೇರಳದ ಚಲಚ್ಚಿತ್ರ ಅಕಾಡೆಮಿ ಸಾಕ್ಷ್ಯಚಿತ್ರ ಮತ್ತು ಕಿರುಚಿತ್ರಗಳಿಗೆಂದೇ 2008ರಿಂದ ತಿರುವನಂತಪುರದಲ್ಲಿ ಬೇರೆ ಉತ್ಸವ ನಡೆಸುತ್ತಿದೆ. ನಮ್ಮ ಅಕಾಡೆಮಿ ಶುರುವಾಗಿದ್ದು 2009ರಲ್ಲಿ. ಆ ಉತ್ಸವಕ್ಕೂ ನಮ್ಮ ಅಕಾಡೆಮಿಗೂ ವಯಸ್ಸಿನಲ್ಲಿ ಅಂಥ ಅಂತರವೇನೂ ಇಲ್ಲ. ಸರ್ಕಾರದ ದುಡ್ಡಿನಲ್ಲಿ ಇಂಥ ಚಿತ್ರ ಸಾಧ್ಯವಾ ಅಂತ ಯಾರಾದರೂ ಕೇಳಿದರೆ ಒಂದು ಹಳೆಯ ಉದಾಹರಣೆಯೂ ಇದೆ. 1967ರಲ್ಲಿ ಎಸ್.ಎನ್.ಎಸ್. ಶಾಸ್ತ್ರಿ ಅವರು ಕೇಂದ್ರ ಸರ್ಕಾರದ ಫಿಲ್ಮ್ಸ್ ಡಿವಿಷನ್‌ಗೆ ‘ಐ ಆ್ಯಮ್ 20’ ಅಂತ ಒಂದು ಚಿತ್ರ ಮಾಡಿದರು. ಸ್ವಾತಂತ್ರ್ಯ ಬಂದ ವರ್ಷ ಹುಟ್ಟಿ ಆಗ ಇಪ್ಪತ್ತು ತುಂಬಿದ್ದವರ ಮುಂದೆ ಕ್ಯಾಮೆರಾ ಇಟ್ಟು ಮಾತಾಡಿಸಿದರು. ಅವರು ಬಾಯಿಗೆ ಬಂದಿದ್ದು ಮಾತಾಡಿದರು, ಸರ್ಕಾರವನ್ನು ಹೊಗಳಲೇಬೇಕು ಅಂತ ಕೂರಲಿಲ್ಲ. ನಾನು ಅದನ್ನು ರೈಲಿನಲ್ಲಿ ಫೋನಿನಲ್ಲೇ ನೋಡಿದೆ. ಆಗಿನ ಇಪ್ಪತ್ತು ವರ್ಷದವರು ಕ್ಯಾಮೆರಾವನ್ನು ನೋಡುವ ರೀತಿ ನೋಡಿದರೆ ಹೊಟ್ಟೆಕಿಚ್ಚಾಗುತ್ತದೆ. ಯಾರಿಗೂ ಗಡಿಯಾರದ ಚಿಂತೆ ಇದ್ದ ಹಾಗೆ ಕಾಣಲಿಲ್ಲ.

62 ಗಂಟೆಯ ಫುಟೇಜ್ ಈಗ ಒಂದೇ ಹಾರ್ಡ್ ಡಿಸ್ಕಿನಲ್ಲಿದೆ. ಇನ್ನೊಂದು ಪ್ರತಿ ಮಾಡಲು ಮತ್ತೆ 4,300 ಬೇಕು. ಅದರೊಳಗೆ ತಾತ ಇದ್ದಾರೆ, ಊರಿಗಾಂ ನಗು ಇದೆ, ನಮ್ಮಪ್ಪನ ಮೋಟರ್ ಇದೆ, ಹಾಕಲೂ ಆಗದ ಅಳಿಸಲೂ ಆಗದ 17 ನಿಮಿಷ ಇದೆ. ಟ್ರಂಕಿನಲ್ಲಿ ಅಮ್ಮನ ಸೀರೆಗಳ ನಡುವೆ ಇಟ್ಟಿದ್ದೇನೆ. ಇಂಥದ್ದನ್ನು ಮನೆಯವರ ಷರತ್ತಿನ ಮೇಲೆ, ಬೀಗ ಹಾಕಿ, ಜೋಪಾನವಾಗಿ ಇಡುವ ಒಂದು ಜಾಗ ಅಕಾಡೆಮಿಯಲ್ಲಿ ಮಾಡಬಹುದಾ ಅಂತಲೂ ಯೋಚಿಸಿ.

ಚಿತ್ರ ನೋಡಬೇಕು ಅನ್ನಿಸಿದರೆ ನಾನೇ ಬಂದು ತೋರಿಸುತ್ತೇನೆ. ಬುಧವಾರ ಫೋನ್ ಮಾಡಿಸಿ, ಆವತ್ತು ನನಗೆ ವಾರದ ರಜೆ. ಬೇರೆ ದಿನ ಮಾಡಿದರೆ ರಿಂಗ್ ಆಗುತ್ತಲೇ ಇರುತ್ತದೆ, ಫೋನು ಗೇಟಿನ ಲಾಕರ್‌ನಲ್ಲಿರುತ್ತದೆ.

ಇತಿ ತಮ್ಮ ವಿಶ್ವಾಸಿ,
ಬೆಳಗಿನ ಗಾಡಿಯ ‘ಬಂಗಾರಪೇಟೆ’